ನಿಮ್ಮ ಕಲ್ಪನಾ ಲೋಕದ ಅಡುಗೆಮನೆಗೆ ಯಾವ ಮಾಯಾಸೊಪ್ಪು?

ಕಥೆಗೋ ಆಟಕ್ಕೋ ಹೊಸ ಲೋಕ ಕಟ್ಟುವವರು ನಕ್ಷೆ ಬರೆಯುತ್ತಾರೆ, ರಾಜವಂಶಗಳ ಪಟ್ಟಿ ಮಾಡುತ್ತಾರೆ, ಡ್ರ್ಯಾಗನ್‌ಗಳಿಗೆ ಹೆಸರಿಡುತ್ತಾರೆ. ಅಡುಗೆಮನೆಗೆ ಬಂದಾಗ ಮಾತ್ರ ಕೈ ಸೋಲುತ್ತದೆ. ಮುದುಕಿಯೊಬ್ಬಳು ಗಂಜಿಗೆ ಯಾವುದೋ ಎಲೆ ಹಾಕುತ್ತಾಳೆ. ನಾಯಕ ಕುಡಿಯುತ್ತಾನೆ. ಗಾಯ ಮಾಯುತ್ತದೆ. ಆ ಎಲೆಯ ರುಚಿ ಏನು? ಯಾರೂ ಹೇಳುವುದಿಲ್ಲ. ಅದನ್ನು ಕುದಿಸಬೇಕಾ, ಹಸಿಯಾಗಿಯೇ ತಿನ್ನಬೇಕಾ? ಅದೂ ಇಲ್ಲ. ಎಲೆ ತೆಗೆದು ಅಲ್ಲಿ ಒಂದು ಮಾತ್ರೆ ಇಟ್ಟರೂ ಕಥೆ ಹಾಗೇ ನಡೆಯುತ್ತದೆ.

ಅಡುಗೆಯ ಸೊಪ್ಪು ಅಂದಮೇಲೆ ಅಡುಗೆ ಕಾಣಬೇಕು. ಹಾಗಾಗಿ ಯಾವ ಬಗೆಯದನ್ನು ಆರಿಸಿದರೂ ಮೂರು ಪ್ರಶ್ನೆ ಕೇಳಿ ನೋಡಿ. ಅದರ ರುಚಿ ಹೇಗಿದೆ? ಪಾತ್ರೆಗೆ ಯಾವಾಗ ಹಾಕಬೇಕು? ಯಾರಿಗೆ ಅದು ಆಗಿಬರುವುದಿಲ್ಲ? ಈ ಮೂರಕ್ಕೂ ಉತ್ತರ ಇದ್ದರೆ ಓದುವವರು ಆ ಸೊಪ್ಪನ್ನು ನಂಬುತ್ತಾರೆ. ಅದರ ಶಕ್ತಿ ಎಷ್ಟು ದೊಡ್ಡದು ಅನ್ನುವುದು ಆಮೇಲಿನ ಮಾತು. ನನ್ನನ್ನು ಕೇಳಿದರೆ ಶಕ್ತಿ ಚಿಕ್ಕದಿದ್ದಷ್ಟೂ ಒಳ್ಳೆಯದು.

ಹನುಮಂತ ಬೆಟ್ಟ ಹೊತ್ತು ತಂದ ಕಥೆ ಎಲ್ಲರಿಗೂ ಗೊತ್ತು. ಅಲ್ಲಿ ಬೇಕಾಗಿದ್ದದ್ದು ಒಂದೇ ಮೂಲಿಕೆಯಲ್ಲ, ನಾಲ್ಕು. ಮೃತಸಂಜೀವನಿ ಜೀವ ತರುತ್ತದೆ. ವಿಶಲ್ಯಕರಣಿ ನಾಟಿದ ಬಾಣದ ಗಾಯ ವಾಸಿ ಮಾಡುತ್ತದೆ. ಸಾವರ್ಣ್ಯಕರಣಿ ಮೈಬಣ್ಣ ಮರಳಿಸುತ್ತದೆ. ಸಂಧಾನಕರಣಿ ಮುರಿದದ್ದನ್ನು ಕೂಡಿಸುತ್ತದೆ. ಒಂದೊಂದಕ್ಕೂ ಒಂದೊಂದೇ ಕೆಲಸ. ಅದೂ ಸಾಲದು ಅಂತ, ತಮ್ಮನ್ನು ಹುಡುಕಿಕೊಂಡು ಯಾರೋ ಬಂದರು ಎಂದು ತಿಳಿದು ಅವು ಅಡಗಿಕೊಳ್ಳುತ್ತವೆ. ಬೆಟ್ಟ ಕೀಳಬೇಕಾಗಿ ಬಂದದ್ದೇ ಅದಕ್ಕೆ. ಒಂದೇ ಕೆಲಸ, ಜೊತೆಗೆ ಒಂದು ತೊಡಕು. ಇಷ್ಟು ಸಾಕು, ಕಥೆ ತಾನಾಗಿ ಓಡುತ್ತದೆ.

ಈಗ ಬಗೆಗಳನ್ನು ಹೋಲಿಸೋಣ. ಪ್ರತಿ ಬಗೆಗೂ ನಿಜವಾದ ಗಿಡಗಳನ್ನೇ ಪಕ್ಕದಲ್ಲಿ ಇಟ್ಟುಕೊಂಡಿದ್ದೇನೆ. ನಿಜದ ಗಿಡಗಳು ಮಾಡುವ ಕೆಲಸ ಎಷ್ಟೋ ಸಲ ನಾವು ಕಲ್ಪಿಸಿಕೊಂಡದ್ದಕ್ಕಿಂತ ವಿಚಿತ್ರವಾಗಿರುತ್ತದೆ. ಅದರಲ್ಲಿ ಒಂದೇ ಒಂದು ಗುಣವನ್ನು ಹಿಗ್ಗಿಸಿದರೆ ಸಾಕು, ಮಾಯೆ ಸಿದ್ಧ.

ನಾಲಿಗೆಯನ್ನು ಮರುಳು ಮಾಡುವವು

ಇದು ನನ್ನ ಮೊದಲ ಆಯ್ಕೆ. ಕಾರಣ ಸರಳ. ಬೇರೆ ಬಗೆಗಳಲ್ಲಿ ಸೊಪ್ಪು ತಿಂದಮೇಲೆ ಮಾಯೆ ಶುರುವಾಗುತ್ತದೆ. ಇಲ್ಲಿ ತಿನ್ನುವುದೇ ಮಾಯೆ.

ಪಶ್ಚಿಮ ಆಫ್ರಿಕದಲ್ಲಿ ಬೆಳೆಯುವ ಮಿರಾಕಲ್ ಫ್ರೂಟ್ ಅನ್ನು ನೋಡಿ. ಪುಟ್ಟ ಕೆಂಪು ಹಣ್ಣು. ಅದಕ್ಕೆ ತನ್ನದೇ ರುಚಿ ಹೆಚ್ಚೇನೂ ಇಲ್ಲ. ಆದರೆ ಅದರ ತಿರುಳನ್ನು ಬಾಯಲ್ಲಿ ಆಡಿಸಿ, ಆಮೇಲೆ ನಿಂಬೆಹಣ್ಣು ಕಚ್ಚಿದರೆ ನಿಂಬೆ ಸಿಹಿಯಾಗಿರುತ್ತದೆ. ಅದರೊಳಗಿನ ಮಿರಾಕ್ಯುಲಿನ್ ಎಂಬ ಪ್ರೋಟೀನು ನಾಲಿಗೆಯಲ್ಲಿ ಸಿಹಿ ಗುರುತಿಸುವ ಜಾಗಕ್ಕೆ ಅಂಟಿಕೊಂಡು ಕೂತಿರುತ್ತದೆ. ಹುಳಿ ಬಂದಾಗ ಎಚ್ಚೆತ್ತು ‘ಸಿಹಿ’ ಅಂತ ಸುದ್ದಿ ಕಳಿಸುತ್ತದೆ. 1968ರಲ್ಲಿ ಈ ಪ್ರೋಟೀನನ್ನು ಬೇರ್ಪಡಿಸಿದರು. ಪರಿಣಾಮ ಅರ್ಧ ಗಂಟೆಯಿಂದ ಒಂದು ಗಂಟೆ, ಕೆಲವೊಮ್ಮೆ ಅದಕ್ಕೂ ಜಾಸ್ತಿ ಹೊತ್ತು ಇರುತ್ತದೆ. ಬಿಸಿ ತಾಕಿದರೆ ಕೆಟ್ಟುಹೋಗುತ್ತದೆ.

ನಮ್ಮ ಮೂರು ಪ್ರಶ್ನೆಗಳಿಗೂ ಇಲ್ಲಿ ಉತ್ತರ ಸಿಕ್ಕಿತು, ಅಲ್ವಾ? ರುಚಿಯಿಲ್ಲ, ಬೇಯಿಸುವಂತಿಲ್ಲ. ಯಾರಿಗೆ ಆಗಿಬರುವುದಿಲ್ಲ ಅಂದರೆ, ಮಿತಿ ಇಲ್ಲದವರಿಗೆ. ನಾಲಿಗೆ ಮೋಸಹೋಯಿತು ಅಂದಮಾತ್ರಕ್ಕೆ ಹುಳಿ ಕಡಿಮೆಯಾಗಲಿಲ್ಲ. ಸಿಹಿ ಅಂದುಕೊಂಡು ಹತ್ತು ನಿಂಬೆ ತಿಂದವರ ಹೊಟ್ಟೆಗೆ ಹತ್ತು ನಿಂಬೆಯ ಹುಳಿ ಇಳಿದಿರುತ್ತದೆ. ಈಗ ನಿಮ್ಮ ಲೋಕದಲ್ಲಿ ‘ಹುಳಿಗಳ್ಳ’ ಅನ್ನುವ ಸೊಪ್ಪೊಂದನ್ನು ಬೆಳೆಸಿ. ಅದು ವಿಷದ ಕಹಿಯನ್ನೂ ಕದಿಯುತ್ತದೆ ಅನ್ನಿ. ಒಂದೇ ಗುಣ ಹಿಗ್ಗಿತು, ಅಷ್ಟೇ. ಅಲ್ಲಿಂದಾಚೆಗೆ ರಾಜನ ಊಟ ರುಚಿ ನೋಡುವ ಸೇವಕ ಊಟಕ್ಕೆ ಒಂದು ಗಂಟೆ ಮೊದಲು ಏನೂ ತಿನ್ನಬಾರದು ಎಂಬ ನಿಯಮ ಬರುತ್ತದೆ. ಅವನ ಮೇಲೊಬ್ಬ ಕಾವಲಿನವ. ಕಾವಲಿನವನಿಗೆ ಲಂಚ ಕೊಡುವವನೊಬ್ಬ.

ಇದಕ್ಕೆ ಎದುರಾದದ್ದು ಮಧುನಾಶಿನಿ. ಹೆಸರೇ ಹೇಳುವಂತೆ ಇದರ ಎಲೆ ಜಗಿದರೆ ಸಿಹಿ ಗೊತ್ತಾಗುವುದಿಲ್ಲ. ಸಕ್ಕರೆ ಬಾಯಿಗೆ ಹಾಕಿಕೊಂಡರೆ ಮರಳು ಜಗಿದಂತೆ ಇರುತ್ತದೆ. ಉಪ್ಪು, ಹುಳಿ ಎಲ್ಲ ಹಾಗೇ ತಿಳಿಯುತ್ತವೆ, ಸಿಹಿ ಒಂದೇ ಮಾಯ. ಕಥೆಗೆ ಮಿರಾಕಲ್ ಫ್ರೂಟ್‌ಗಿಂತ ಇದೇ ಹೆಚ್ಚು ಒದಗುತ್ತದೆ ಎಂದು ನನಗೆ ಅನಿಸುತ್ತದೆ. ಏನನ್ನೋ ಕೊಡುವ ಸೊಪ್ಪಿಗಿಂತ ಏನನ್ನೋ ಕಸಿಯುವ ಸೊಪ್ಪಿನ ಸುತ್ತ ಜಗಳ ಬೇಗ ಹುಟ್ಟುತ್ತದೆ. ಹಬ್ಬದ ದಿನ ಯಾರೋ ಪಾನಕಕ್ಕೆ ಇದರ ರಸ ಬೆರೆಸಿದರೆ ಇಡೀ ಊರಿನ ಸಿಹಿ ಅಡುಗೆ ಮಣ್ಣುಪಾಲು. ಯಾರೂ ಸಾಯಲಿಲ್ಲ, ಆದರೂ ಅಪರಾಧ ದೊಡ್ಡದು.

ಆರ್ಟಿಚೋಕ್ ಎಂಬ ತರಕಾರಿಯೂ ಇದೇ ಸಾಲಿನದು. ಅದನ್ನು ತಿಂದು ನೀರು ಕುಡಿದರೆ ಕೆಲವರಿಗೆ ನೀರೇ ಸಿಹಿ. ಕೆಲವರಿಗೆ ಮಾತ್ರ, ಎಲ್ಲರಿಗೂ ಅಲ್ಲ. ಈ ‘ಕೆಲವರಿಗೆ ಮಾತ್ರ’ ಅನ್ನುವುದು ಕಥೆ ಬರೆಯುವವರಿಗೆ ಚಿನ್ನದ ಗಣಿ. ಕೊತ್ತಂಬರಿ ಸೊಪ್ಪಿನಲ್ಲೂ ಇದೇ ಇದೆ. ಬಹಳ ಜನಕ್ಕೆ ಅದು ಪರಿಮಳ, ಕೆಲವರಿಗೆ ಸೋಪಿನ ವಾಸನೆ. ವಾಸನೆ ಗುರುತಿಸುವ ಒಂದು ವಂಶವಾಹಿಗೂ ಇದಕ್ಕೂ ನಂಟಿದೆ. ಅಂದರೆ ರಕ್ತದಲ್ಲಿ ಬಂದದ್ದು ನಾಲಿಗೆಯಲ್ಲಿ ಗೊತ್ತಾಗುತ್ತದೆ. ಕಳೆದುಹೋದ ರಾಜಕುಮಾರಿಯನ್ನು ಮಚ್ಚೆ ನೋಡಿ ಗುರುತಿಸುವುದು ಹಳೆಯದಾಯಿತು. ಎಲ್ಲರೂ ಚಪ್ಪರಿಸುವ ಸಾರನ್ನು ಒಬ್ಬಳು ಮಾತ್ರ ಉಗುಳಿದರೆ?

ಮೈಗೆ ತಾಕುವವು

ಮೆಣಸಿನಕಾಯಿ ಬಿಸಿಯಲ್ಲ. ಪುದೀನ ತಂಪಲ್ಲ. ಥರ್ಮಾಮೀಟರ್ ಇಟ್ಟು ನೋಡಿದರೆ ಬಾಯಿಯ ಬಿಸಿ ಹೆಚ್ಚೂ ಆಗಿಲ್ಲ, ಕಡಿಮೆಯೂ ಆಗಿಲ್ಲ. ಸುಡುವ ಬಿಸಿ ತಿಳಿಸಲು ನರಗಳಲ್ಲಿರುವ ಗ್ರಾಹಕವನ್ನು, ಅಂದರೆ ಸುದ್ದಿ ಹಿಡಿಯುವ ಪ್ರೋಟೀನನ್ನು, ಮೆಣಸಿನಕಾಯಿಯ ಕ್ಯಾಪ್ಸೈಸಿನ್ ತಟ್ಟುತ್ತದೆ. ತಂಪು ತಿಳಿಸುವ ಗ್ರಾಹಕವನ್ನು ಪುದೀನದ ಮೆಂಥಾಲ್ ತಟ್ಟುತ್ತದೆ. ಕ್ಯಾಪ್ಸೈಸಿನ್‌ನ ಗ್ರಾಹಕ ಯಾವುದೆಂದು 1997ರಲ್ಲಿ ಗೊತ್ತಾಯಿತು. ಅದನ್ನು ಗುರುತಿಸಿದ ಡೇವಿಡ್ ಜೂಲಿಯಸ್ ಅವರಿಗೆ 2021ರ ನೊಬೆಲ್‌ನಲ್ಲಿ ಪಾಲು ಸಿಕ್ಕಿತು. ಹಕ್ಕಿಗಳಿಗೆ ಈ ಖಾರ ತಿಳಿಯುವುದೇ ಇಲ್ಲ. ಅವು ಹಣ್ಣು ನುಂಗಿ ಬೀಜವನ್ನು ದೂರ ದೂರಕ್ಕೆ ಹರಡುತ್ತವೆ.

ಸಿಚುವಾನ್ ಮೆಣಸು ಇನ್ನೂ ಒಂದು ಹೆಜ್ಜೆ ಮುಂದೆ. ಅದು ಖಾರವೂ ಅಲ್ಲ, ತಂಪೂ ಅಲ್ಲ, ತುಟಿಯನ್ನು ಜುಮ್ಮೆನ್ನಿಸುತ್ತದೆ. 2013ರ ಒಂದು ಪ್ರಯೋಗದಲ್ಲಿ ಇದನ್ನು ತುಟಿಗೆ ಹಚ್ಚಿಸಿಕೊಂಡವರಿಗೆ ಸೆಕೆಂಡಿಗೆ ಸುಮಾರು 50 ಸಲ ಅದುರಿದಂತೆ ಅನಿಸಿತ್ತು. ಏನೂ ಅಲುಗಾಡುತ್ತಿಲ್ಲ, ಆದರೂ ಅದುರುತ್ತಿದೆ.

ನಿಮ್ಮ ಲೋಕಕ್ಕೆ ಈ ಬಗೆ ಯಾವಾಗ ಒಪ್ಪುತ್ತದೆ? ಹಿಮದ ನಾಡು, ಮರಳುಗಾಡು, ಆಳದ ಗಣಿ ಇಂಥ ಜಾಗಗಳಿದ್ದಾಗ. ಚಳಿಯಲ್ಲಿ ಬೆಚ್ಚಗಿಡುವ ಬೇರು, ಸೆಕೆಯಲ್ಲಿ ತಂಪೆರೆಯುವ ಎಲೆ ಎಲ್ಲ ಕಥೆಗಳಲ್ಲೂ ಬಂದುಹೋಗಿವೆ. ಆದರೆ ನಿಜದ ಗಿಡದ ಮೋಸವನ್ನೂ ಉಳಿಸಿಕೊಳ್ಳಿ. ಬೆಚ್ಚಗೆ ಅನಿಸುತ್ತದೆ, ಮೈ ಮಾತ್ರ ಹೆಪ್ಪುಗಟ್ಟುತ್ತಲೇ ಇದೆ. ಆಗ ಆ ಬೇರು ವರವೂ ಹೌದು, ಸಾವಿನ ದಾರಿಯೂ ಹೌದು. ಅನುಭವಸ್ಥ ಪ್ರಯಾಣಿಕ ಅದನ್ನು ತಿನ್ನುವುದಿಲ್ಲ, ಹೊಸಬ ತಿನ್ನುತ್ತಾನೆ. ಅವನ ಗುಣ ಹೇಳಲು ಬೇರೆ ಮಾತೇ ಬೇಡ.

ಬಣ್ಣ ತೋರಿಸುವವು

ಇದರ ಬಗ್ಗೆ ಹೆಚ್ಚು ಹೇಳುವುದಿಲ್ಲ. ಶಂಖಪುಷ್ಪವನ್ನು ಬಿಸಿನೀರಿಗೆ ಹಾಕಿದರೆ ಕಡುನೀಲಿ. ನಿಂಬೆರಸ ಹಿಂಡಿದರೆ ಕಣ್ಣೆದುರೇ ನೇರಳೆ. ಕೆಂಪು ಎಲೆಕೋಸಿನ ರಸವೂ ಹೀಗೇ ಬಣ್ಣ ಬದಲಿಸುತ್ತದೆ. ಹುಳಿ ಎಷ್ಟಿದೆ ಅನ್ನುವುದರ ಮೇಲೆ ಬಣ್ಣ. ವಿಷ ಪತ್ತೆ ಮಾಡುವ, ಸುಳ್ಳುಗಾರನ ಎಂಜಲಿಗೆ ಕೆಂಪಾಗುವ ಸೊಪ್ಪು ಬೇಕಿದ್ದರೆ ಇಲ್ಲಿಂದ ಹೊರಡಿ. ಚಿತ್ರಕಥೆಗೆ, ವಿಡಿಯೋ ಗೇಮ್‌ಗೆ ಇದು ಬಹಳ ಒಳ್ಳೆಯದು, ಕಣ್ಣಿಗೆ ಕಾಣುತ್ತದಲ್ಲ. ಬರಹದಲ್ಲಿ ಒಂದೆರಡು ಸಲ ಚೆಂದ, ಆಮೇಲೆ ಸಪ್ಪೆ. ಶಂಖಪುಷ್ಪಕ್ಕೂ ನಾಲಿಗೆಗೆ ಹತ್ತುವ ರುಚಿ ಅಷ್ಟಾಗಿ ಇಲ್ಲ.

ಮನಸ್ಸಿಗೆ ಕೈ ಹಾಕುವವು

ನೆನಪು ತರುವ ಎಲೆ, ಮರೆಸುವ ಹಣ್ಣು, ನಿಜ ಹೇಳಿಸುವ ಬೀಜ, ಪ್ರೀತಿ ಹುಟ್ಟಿಸುವ ಹೂವು. ಹೊಸದಾಗಿ ಲೋಕ ಕಟ್ಟುವವರು ಮೊದಲು ಕೈ ಚಾಚುವುದು ಇಲ್ಲಿಗೇ. ಎಲ್ಲಕ್ಕಿಂತ ಹುಷಾರಾಗಿರಬೇಕಾದದ್ದೂ ಇಲ್ಲೇ.

ನಿಜ ಹೇಳಿಸುವ ಸೊಪ್ಪು ಒಂದು ಇದ್ದರೆ ಆ ಲೋಕದಲ್ಲಿ ಕೊಲೆಗಾರನನ್ನು ಹುಡುಕುವ ಕಥೆ ಮುಗಿಯಿತು. ಎಲ್ಲರಿಗೂ ಒಂದೊಂದು ಬಟ್ಟಲು ಸಾರು ಕುಡಿಸಿದರೆ ಆಯಿತಲ್ಲ? ಓದುವವರು ಇದನ್ನು ಕೇಳಿಯೇ ಕೇಳುತ್ತಾರೆ. ಪ್ರೀತಿಯ ಸೊಪ್ಪಿನ ಕಷ್ಟ ಬೇರೆ. ಒಬ್ಬರಿಗೆ ಗೊತ್ತಿಲ್ಲದೆ ಅವರ ಊಟಕ್ಕೆ ಬೆರೆಸಿ ಮನಸ್ಸು ಬದಲಿಸುವುದು ತಮಾಷೆಯಲ್ಲ, ದೌರ್ಜನ್ಯ. ಅದನ್ನು ದೌರ್ಜನ್ಯ ಎಂದೇ ಬರೆಯುವ ಧೈರ್ಯ ಇದ್ದರೆ ಬರೆಯಿರಿ. ನಗುವಿಗಾಗಿ ತರುವುದಾದರೆ ಬೇಡ.

ಈ ಗುಂಪಿನಲ್ಲಿ ನನಗೆ ಇಷ್ಟವಾಗುವುದು ಮರೆವು. ಗ್ರೀಕರ ಹಳೆಯ ಕಥೆಯಲ್ಲಿ ನಾವಿಕರು ಒಂದು ದಡಕ್ಕೆ ಬರುತ್ತಾರೆ. ಅಲ್ಲಿನವರು ಅವರಿಗೆ ಲೋಟಸ್ ಎಂಬ ಗಿಡದ ಆಹಾರ ಕೊಡುತ್ತಾರೆ. ತಿಂದವರಿಗೆ ಮನೆಗೆ ಮರಳುವುದೇ ಬೇಡವಾಗುತ್ತದೆ. ಅಳುತ್ತಿದ್ದವರನ್ನು ಎಳೆದುತಂದು ಹಡಗಿನಲ್ಲಿ ಕಟ್ಟಿಹಾಕಬೇಕಾಗುತ್ತದೆ. ಗಮನಿಸಿ, ಆ ಆಹಾರ ಜೇನಿನಷ್ಟು ಸಿಹಿ. ಅಲ್ಲಿನವರು ಕೆಟ್ಟವರೂ ಅಲ್ಲ, ತಾವು ತಿನ್ನುವುದನ್ನೇ ಅತಿಥಿಗಳಿಗೂ ಕೊಟ್ಟರು. ಇಲ್ಲಿ ಮಾಯೆಯಷ್ಟೇ ಅತಿಥಿಸತ್ಕಾರವೂ ಅಪಾಯ. ಊಟದ ಜೊತೆಗೇ ಬರುವ ಅಪಾಯ ಇದು. ಅಡುಗೆಯ ಮಾಯೆ ಅಂದರೆ ಹೀಗಿರಬೇಕು.

ಅದೇ ಕಥೆಯಲ್ಲಿ ತವರನ್ನು ಮರೆಸುವ ಮಾಟಗಾತಿಯ ಊಟದಿಂದ ಕಾಪಾಡುವ ಮೋಲಿ ಎಂಬ ಗಿಡವೂ ಬರುತ್ತದೆ. ಬೇರು ಕಪ್ಪು, ಹೂವು ಹಾಲಿನಷ್ಟು ಬಿಳಿ. ಮನುಷ್ಯರಿಗೆ ಕೀಳುವುದು ಕಷ್ಟ, ದೇವರುಗಳಿಗೆ ಸುಲಭ. ಅದು ಸ್ನೋಡ್ರಾಪ್ ಗಿಡವಿರಬಹುದು ಎಂದು ಊಹಿಸಿದವರಿದ್ದಾರೆ. ಆ ಊಹೆಗೊಂದು ಬುಡವೂ ಇದೆ. ಸ್ನೋಡ್ರಾಪ್‌ನಲ್ಲಿರುವ ಗ್ಯಾಲಂಟಮೀನ್ ಅನ್ನು ಇವತ್ತು ಅಲ್ಝೈಮರ್ಸ್ ಮರೆವಿನ ಕಾಯಿಲೆಗೆ ಔಷಧಿಯಾಗಿ ಕೊಡುತ್ತಾರೆ. ಮರೆಸುವ ಊಟಕ್ಕೆ ನೆನಪಿನ ಬೇರು ಮದ್ದು! ನಿಮ್ಮ ಲೋಕದಲ್ಲಿ ಮನಸ್ಸಿನ ಸೊಪ್ಪು ಬೇಕೇಬೇಕು ಅಂದರೆ ಹೀಗೆ ಜೋಡಿಯಾಗಿ ತನ್ನಿ. ಒಂದನ್ನು ತಂದು ಅದರ ಮದ್ದನ್ನು ತರದಿದ್ದರೆ ಕಥೆ ಒಂದೇ ಕಡೆ ವಾಲುತ್ತದೆ.

ಗಾಯ ಮಾಯಿಸುವವು

ಬೇಡ.

ಸರಿ, ಕಾರಣ ಹೇಳುತ್ತೇನೆ. ಒಂದು ಬಟ್ಟಲಿಗೆ ಗಾಯ ವಾಸಿಯಾದರೆ ಕತ್ತಿಗೆ ಹೆದರುವವರು ಯಾರು? ಆಟದಲ್ಲಾದರೆ ಅಂಕಗಳ ಲೆಕ್ಕ ಇರುತ್ತದೆ, ಅಲ್ಲಿ ನಡೆಯುತ್ತದೆ. ಕಥೆಯಲ್ಲಿ ನಡೆಯುವುದಿಲ್ಲ. ವಾಸಿ ಮಾಡುವ ಸೊಪ್ಪು ಬೇಕಿದ್ದರೆ ಸಿ ಜೀವಸತ್ವದ ಕೊರತೆಯಿಂದ ಬರುವ ಸ್ಕರ್ವಿ ಕಾಯಿಲೆಯ ಕಥೆಯಿಂದ ಕಲಿಯಿರಿ. ದೂರದ ಸಮುದ್ರಯಾನದಲ್ಲಿ ನಾವಿಕರ ಒಸಡು ಕೊಳೆಯುತ್ತಿತ್ತು, ಹಳೆಯ ಗಾಯಗಳು ಮತ್ತೆ ಬಿಚ್ಚಿಕೊಳ್ಳುತ್ತಿದ್ದವು. 1747ರಲ್ಲಿ ಜೇಮ್ಸ್ ಲಿಂಡ್ ಎಂಬ ಹಡಗಿನ ವೈದ್ಯ 12 ರೋಗಿಗಳನ್ನು ಇಬ್ಬಿಬ್ಬರಂತೆ ವಿಂಗಡಿಸಿ ಬೇರೆ ಬೇರೆ ಮದ್ದು ಕೊಟ್ಟು ನೋಡಿದ. ಕಿತ್ತಳೆ, ನಿಂಬೆ ತಿಂದ ಇಬ್ಬರು ಎಲ್ಲರಿಗಿಂತ ಬೇಗ ಚೇತರಿಸಿಕೊಂಡರು. ಕರಾವಳಿಯಲ್ಲಿ ಬೆಳೆಯುವ ಒಂದು ಸೊಪ್ಪಿಗಂತೂ ಸ್ಕರ್ವಿ ಹುಲ್ಲು ಎಂದೇ ಹೆಸರು. ಇಲ್ಲಿ ಸೊಪ್ಪು ಒಂದೇ ಏಟಿಗೆ ಗುಣ ಮಾಡುವುದಿಲ್ಲ, ದಿನಾ ತಿನ್ನಬೇಕು. ತಿನ್ನುವುದು ನಿಂತರೆ ಕಾಯಿಲೆ ಮರಳುತ್ತದೆ. ಜಾಸ್ತಿ ಕುದಿಸಿದರೆ ಸಿ ಜೀವಸತ್ವ ಹಾಳು. ಅಂದರೆ ಇಡೀ ಹಡಗಿನ ಜೀವ ಅಡುಗೆಯವನ ಕೈಯಲ್ಲಿದೆ. ಇಂಥ ವಾಸಿಮಾಡುವ ಸೊಪ್ಪಿಗೆ ನನ್ನ ತಕರಾರಿಲ್ಲ.

ಸಿಗುವುದೇ ಕಷ್ಟವಾದವು

ಇಲ್ಲಿ ಮಾಯೆಗಿಂತ ಮಾರುಕಟ್ಟೆ ಮುಖ್ಯ. ಉದ್ದನೆಯ ಕಾದಂಬರಿಗೆ, ರಾಜಕೀಯ ಇರುವ ಲೋಕಕ್ಕೆ ಇದರಷ್ಟು ಒದಗುವ ಬಗೆ ಇನ್ನೊಂದಿಲ್ಲ.

ಸಿಲ್ಫಿಯಮ್ ಎಂಬ ಗಿಡದ ಕಥೆಯನ್ನೇ ತೆಗೆದುಕೊಳ್ಳಿ. ಇಂದಿನ ಲಿಬಿಯಾದಲ್ಲಿದ್ದ ಸಿರೀನ್ ಎಂಬ ಗ್ರೀಕ್ ನಗರ ಇದನ್ನು ಮಾರಿಯೇ ಸಿರಿವಂತವಾಯಿತು. ತನ್ನ ನಾಣ್ಯಗಳ ಮೇಲೂ ಇದರ ಚಿತ್ರ ಹಾಕಿಸಿಕೊಂಡಿತು. ಗ್ರೀಕರು, ರೋಮನ್ನರು ಇದರ ಅಂಟನ್ನು ಅಡುಗೆಗೂ ಔಷಧಿಗೂ ಬಳಸುತ್ತಿದ್ದರು. ತೊಡಕು ಏನೆಂದರೆ ಇದು ಹೊಲದಲ್ಲಿ ಬೆಳೆಯುತ್ತಿರಲಿಲ್ಲ, ಕಾಡಿನಲ್ಲೇ ಹುಡುಕಬೇಕಿತ್ತು. ಒಂದನೇ ಶತಮಾನದ ಹೊತ್ತಿಗೆ ಅದು ಹೆಚ್ಚುಕಡಿಮೆ ಕಾಣೆಯಾಗಿತ್ತು. ತನ್ನ ಕಾಲದಲ್ಲಿ ಒಂದೇ ಒಂದು ಕಾಂಡ ಸಿಕ್ಕಿತ್ತು, ಅದನ್ನು ನೀರೋ ಚಕ್ರವರ್ತಿಗೆ ಕಳಿಸಿದರು ಎಂದು ರೋಮನ್ ಬರಹಗಾರ ಪ್ಲಿನಿ ಬರೆದಿದ್ದಾನೆ. 2021ರಲ್ಲಿ ಟರ್ಕಿಯ ಸಂಶೋಧಕರೊಬ್ಬರು ಅಲ್ಲಿನ ಬೆಟ್ಟಗಳಲ್ಲಿ ಬೆಳೆಯುವ ಫೆರುಲಾ ಜಾತಿಯ ಒಂದು ಗಿಡವೇ ಅದಿರಬಹುದು ಎಂದು ವಾದ ಮಂಡಿಸಿದರು. ಚರ್ಚೆ ಇನ್ನೂ ಮುಗಿದಿಲ್ಲ.

ನನಗೆ ಇದರಲ್ಲಿ ಬಹಳ ಹಿಡಿಸಿದ್ದು ಒಂದು ಸಣ್ಣ ಸಂಗತಿ. ರೋಮನ್ನರ ಅಡುಗೆ ಪುಸ್ತಕವೊಂದು ಹೇಳುತ್ತದೆ: ಸಿಲ್ಫಿಯಮ್ ಅನ್ನು ಪೈನ್ ಬೀಜಗಳ ಜೊತೆ ಒಂದು ಪಾತ್ರೆಯಲ್ಲಿ ಇಟ್ಟುಬಿಡಿ. ಅಡುಗೆಗೆ ಬೀಜವನ್ನು ಜಜ್ಜಿ ಹಾಕಿ, ಖಾಲಿಯಾದಷ್ಟು ಹೊಸ ಬೀಜ ತುಂಬಿ. ವಾಸನೆ ಬೀಜಕ್ಕೆ ಹತ್ತುತ್ತದೆ, ದುಬಾರಿ ವಸ್ತು ಹಾಗೇ ಉಳಿಯುತ್ತದೆ. ಎಂಥ ಜಾಣತನ ನೋಡಿ! ನಿಮ್ಮ ಲೋಕದ ಮಾಯಾಸೊಪ್ಪು ಅಷ್ಟು ದುಬಾರಿಯಾಗಿದ್ದರೆ ಬಡವರ ಮನೆಯಲ್ಲಿ ಅದರ ವಾಸನೆ ಹತ್ತಿದ ಬೀಜ ಮಾತ್ರ ಇರುತ್ತದೆ. ಮಾಯೆಯೂ ಅಷ್ಟೇ ತೆಳು.

ಅಸಲಿ ಸಿಗದಾದಾಗ ಜನ ಬದಲಿ ಹುಡುಕಿದರು. ಪರ್ಷಿಯಾ ಕಡೆಯಿಂದ ಬರುತ್ತಿದ್ದ ಇಂಗು ಆ ಜಾಗಕ್ಕೆ ಬಂತು. ಆಗಿನವರು ಅದನ್ನು ಕೀಳು ದರ್ಜೆಯ ಬದಲಿ ಅಂದುಕೊಂಡಿದ್ದರು. ಬದಲಿ ಉಳಿಯಿತು, ಅಸಲಿ ಹೋಯಿತು.

ಕೇಸರಿಯ ಕಷ್ಟ ಬೇರೆ ತರಹ. ಒಂದು ಹೂವಿಗೆ ಮೂರೇ ಎಳೆ. ಒಂದು ಗ್ರಾಂಗೆ ಸುಮಾರು 150 ಹೂವು ಬೇಕು. ಬೆಳಿಗ್ಗೆ ಬೇಗ ಕೊಯ್ಯಬೇಕು, ಎಳೆಗಳನ್ನು ಕೈಯಲ್ಲೇ ಬಿಡಿಸಬೇಕು. ಅದು ಬೀಜ ಕಟ್ಟುವುದಿಲ್ಲ, ಗೆಡ್ಡೆಯಿಂದ ಮನುಷ್ಯರೇ ಮುಂದುವರಿಸಬೇಕು. ವೆನಿಲ್ಲಾದ ಹೂವು ಒಂದೇ ದಿನ ಅರಳಿರುತ್ತದೆ. ತವರಾದ ಮೆಕ್ಸಿಕೊದ ಆಚೆ ಅದು ಕಾಯಿ ಕಟ್ಟುತ್ತಲೇ ಇರಲಿಲ್ಲ. 1841ರಲ್ಲಿ ರಿಯೂನಿಯನ್ ದ್ವೀಪದಲ್ಲಿ ಎಡ್ಮಂಡ್ ಎಂಬ 12 ವರ್ಷದ ಗುಲಾಮ ಹುಡುಗ ಕಡ್ಡಿ ಮತ್ತು ಹೆಬ್ಬೆರಳಿನಿಂದ ಪರಾಗ ಸೇರಿಸುವ ಸುಲಭ ದಾರಿ ಕಂಡುಹಿಡಿದ. ಇವತ್ತಿಗೂ ಹಾಗೇ ಮಾಡುತ್ತಾರೆ. ಜಾಯಿಕಾಯಿಗಾಗಿ ಇಂದಿನ ಇಂಡೊನೇಷ್ಯಾದ ಬಾಂದಾ ದ್ವೀಪಗಳಲ್ಲಿ ರಕ್ತ ಹರಿಯಿತು. 1667ರ ಬ್ರೆಡಾ ಒಪ್ಪಂದದಲ್ಲಿ ಅವುಗಳಲ್ಲೊಂದಾದ ಪುಟ್ಟ ರನ್ ದ್ವೀಪ ಡಚ್ಚರಿಗೆ ಉಳಿಯಿತು, ಮ್ಯಾನ್‌ಹಟನ್ ಇಂಗ್ಲಿಷರಿಗೆ.

ಹಾಗಾಗಿ ಸೊಪ್ಪು ಅಪರೂಪ ಅಂತ ಬರೆದು ಬಿಡಬೇಡಿ. ಯಾಕೆ ಅಪರೂಪ? ಬೆಳೆಯುವುದಿಲ್ಲವಾ, ಕೊಯ್ಯುವುದು ಕಷ್ಟವಾ, ಒಂದೇ ದ್ವೀಪದಲ್ಲಿ ಇದೆಯಾ? ಬೆಳೆಯದಿದ್ದರೆ ಹುಡುಕುವವರ ಕಥೆ ಹುಟ್ಟುತ್ತದೆ. ಕೊಯ್ಯುವುದು ಕಷ್ಟವಾದರೆ ಕೂಲಿಯವರ ಕಥೆ. ಒಂದೇ ದ್ವೀಪದಲ್ಲಿದ್ದರೆ ಯುದ್ಧ.

ಕೀಳುವುದಕ್ಕೇ ಕಟ್ಟಳೆ ಇರುವವು

ಮ್ಯಾಂಡ್ರೇಕ್ ಬೇರನ್ನು ಕಿತ್ತರೆ ಅದು ಕಿರುಚುತ್ತದೆ, ಕೇಳಿದವರು ಸಾಯುತ್ತಾರೆ ಎಂದು ಯುರೋಪಿನಲ್ಲಿ ನಂಬಿದ್ದರು. ಅದಕ್ಕೆ ನಾಯಿಯನ್ನು ಕಟ್ಟಿ ಎಳೆಸಬೇಕಂತೆ, ಪಾಪ. ಬೇರು ಕವಲೊಡೆದು ಮನುಷ್ಯನ ಆಕಾರ ಇರುವುದು ನಿಜ, ವಿಷ ಇರುವುದೂ ನಿಜ. ಜರೀಗಿಡದ ಬೀಜ ಇಟ್ಟುಕೊಂಡವರು ಯಾರ ಕಣ್ಣಿಗೂ ಕಾಣುವುದಿಲ್ಲ ಎಂಬ ನಂಬಿಕೆಯೂ ಇತ್ತು. ಅದನ್ನು ನಡುಬೇಸಿಗೆಯ ಒಂದೇ ರಾತ್ರಿ ಸಂಗ್ರಹಿಸಬೇಕು. ಇದರ ಹಿಂದಿನ ತರ್ಕ ಸೊಗಸಾಗಿದೆ. ಗಿಡ ಇದೆ ಅಂದಮೇಲೆ ಬೀಜ ಇರಲೇಬೇಕು. ಯಾರಿಗೂ ಕಂಡಿಲ್ಲ ಅಂದಮೇಲೆ ಅದು ಕಾಣದ ಬೀಜ. ಕಾಣದ ಬೀಜ ಹತ್ತಿರ ಇದ್ದರೆ ನೀವೂ ಕಾಣುವುದಿಲ್ಲ! ಜರೀಗಿಡಕ್ಕೆ ಬೀಜವೇ ಇಲ್ಲ, ಬೀಜಕಣಗಳಿಂದ ಹುಟ್ಟುತ್ತದೆ. ಅದರ ಪೂರ್ತಿ ಗುಟ್ಟು ಬಿಚ್ಚಿಕೊಂಡದ್ದು 19ನೇ ಶತಮಾನದಲ್ಲಿ.

ಸಣ್ಣ ಕಥೆಗೆ ಈ ಬಗೆ ಹೇಳಿಮಾಡಿಸಿದ್ದು. ಒಂದು ರಾತ್ರಿ, ಒಂದು ಗಿಡ, ಒಂದು ಕಟ್ಟಳೆ. ಆದರೆ ಅಡುಗೆಮನೆಯ ಮಟ್ಟಿಗೆ ಇದು ಸ್ವಲ್ಪ ಬಡವ. ಕಿತ್ತು ಆದಮೇಲೆ ಒಲೆಯ ಹತ್ತಿರ ಮಾಡುವುದಕ್ಕೆ ಏನೂ ಉಳಿದಿರುವುದಿಲ್ಲ.

ಒಲೆಯ ಹತ್ತಿರ

ಬಗೆ ಯಾವುದೇ ಆಗಲಿ, ಸೊಪ್ಪು ಹೇಗೆ ಕೆಲಸ ಮಾಡುತ್ತದೆ ಅನ್ನುವುದನ್ನು ಅಡುಗೆಯಿಂದಲೇ ಎರವಲು ತನ್ನಿ. ಮಂತ್ರದಿಂದ ಬೇಡ.

ಇಡೀ ಬೆಳ್ಳುಳ್ಳಿ ಎಸಳಿಗೆ ವಾಸನೆ ಅಷ್ಟಿಲ್ಲ. ಜಜ್ಜಿದಾಗ ಅದರೊಳಗೆ ಬೇರೆ ಬೇರೆ ಇದ್ದ ಎರಡು ವಸ್ತುಗಳು ಸೇರುತ್ತವೆ, ಆಗ ಹುಟ್ಟುವುದು ಘಾಟು. ಜಜ್ಜುವ ಮೊದಲೇ ಬೇಯಿಸಿದರೆ ಆ ಕೆಲಸ ನಡೆಯುವುದೇ ಇಲ್ಲ. ಅಂದರೆ ಕತ್ತಿಯೇ ಮಾಯೆಯ ಕೀಲಿ. ಕೇಸರಿಯ ಬಣ್ಣ ನೀರಿಗೆ ಬಿಡುತ್ತದೆ, ಅರಿಶಿನದ ಬಣ್ಣ ಎಣ್ಣೆಗೆ ಚೆನ್ನಾಗಿ ಬಿಡುತ್ತದೆ. ಹಸಿ ಇಂಗು ನಾರುತ್ತದೆ, ಕಾದ ಎಣ್ಣೆಗೆ ಬಿದ್ದರೆ ಘಮ್ಮೆನ್ನುತ್ತದೆ. ತುಳಸಿಯಂಥ ಮೆತ್ತಗಿನ ಎಲೆಯ ಪರಿಮಳ ಕುದಿಯುತ್ತಾ ಹಾರಿಹೋಗುತ್ತದೆ, ಅದನ್ನು ಕೊನೆಗೆ ಹಾಕಬೇಕು. ರೋಸ್‌ಮೇರಿಯಂಥ ಗಟ್ಟಿ ಎಲೆ ಗಂಟೆಗಟ್ಟಲೆ ತಡೆಯುತ್ತದೆ. ವೆನಿಲ್ಲಾದ ಹಸಿರು ಕಾಯಿಗೆ ಪರಿಮಳವೇ ಇಲ್ಲ, ಬಾಡಿಸಿ, ಬೆವರಿಸಿ, ಒಣಗಿಸಿ ತಿಂಗಳುಗಟ್ಟಲೆ ಕಾಯಬೇಕು. ಕಹಿ ಮರಗೆಣಸನ್ನು ಹಾಗೇ ತಿಂದರೆ ಸಯನೈಡ್ ವಿಷ. ತುರಿದು, ನೆನೆಸಿ, ಹುಳಿಬರಿಸಿ, ಬೇಯಿಸಿದರೆ ಊಟ.

ಇವುಗಳಲ್ಲಿ ಒಂದನ್ನು ನಿಮ್ಮ ಸೊಪ್ಪಿಗೆ ಕೊಟ್ಟರೆ ಅಡುಗೆಯವಳಿಗೆ ಒಂದು ವಿದ್ಯೆ ಸಿಗುತ್ತದೆ. ಮಾಟಗಾರನ ಹತ್ತಿರ ಸೊಪ್ಪು ಇದೆ, ಆದರೆ ಯಾವಾಗ ಹಾಕಬೇಕು ಗೊತ್ತಿಲ್ಲ. ಅವಳಿಗೆ ಗೊತ್ತು. ಮಾಯೆ ಇರುವ ಲೋಕದಲ್ಲಿ ಅಡುಗೆಯವರಿಗೆ ಬೆಲೆ ಬರುವುದು ಹೀಗೆ. ಸುಮ್ನೆ ‘ಅವಳ ಕೈರುಚಿ ಅದ್ಭುತ’ ಅಂತ ಬರೆದರೆ ಬರುವುದಿಲ್ಲ.

ಹಾಗಾದರೆ ಯಾವುದು?

ಸಣ್ಣ ಕಥೆ ಬರೆಯುತ್ತಿದ್ದರೆ ನಾಲಿಗೆಯ ಸೊಪ್ಪು, ಇಲ್ಲವೇ ಕಟ್ಟಳೆಯ ಸೊಪ್ಪು. ಎರಡನ್ನೂ ಸೇರಿಸಬೇಡಿ, ಜಾಗ ಸಾಲದು. ಉದ್ದನೆಯ ಕಾದಂಬರಿಗೆ ಅಪರೂಪದ ಸೊಪ್ಪೇ ಸರಿ. ಅದಕ್ಕೆ ನಾಲಿಗೆಯ ಗುಣವೊಂದನ್ನು ಕೂಡಿಸಿದರೆ ವ್ಯಾಪಾರದ ಜೊತೆಗೆ ಊಟವೂ ಕಥೆಗೆ ಬರುತ್ತದೆ. ಪತ್ತೇದಾರಿ ಕಥೆಗೆ ಮನಸ್ಸಿನ ಸೊಪ್ಪು ಬೇಡವೇ ಬೇಡ, ಬಣ್ಣದ್ದು ಇರಲಿ. ಅದೂ ಕೆಲವೊಮ್ಮೆ ತಪ್ಪು ಹೇಳುವಂಥದ್ದು. ಮಕ್ಕಳಿಗೆ ಬರೆಯುವುದಾದರೆ ಮೈಗೆ ತಾಕುವವು ಚೆನ್ನಾಗಿ ನಡೆಯುತ್ತವೆ. ಅದುರುವ ತುಟಿ, ತಂಪಾಗುವ ಕಿವಿ, ಮಕ್ಕಳು ಕೂಡಲೇ ಹಿಡಿದುಕೊಳ್ಳುತ್ತಾರೆ.

ವಿಡಿಯೋ ಗೇಮ್‌ನಲ್ಲಿ ರುಚಿ ತೋರಿಸಲಾಗದು, ಹಾಗಾಗಿ ಬಣ್ಣ ಮತ್ತು ಸಮಯದ ಲೆಕ್ಕ ಇಡಿ. ಸೊಪ್ಪನ್ನು ಕೊನೆಗೆ ಹಾಕಿದರೆ ಒಂದು ಫಲ, ಮೊದಲೇ ಹಾಕಿದರೆ ಇನ್ನೊಂದು. ಮೇಜಿನ ಸುತ್ತ ಕೂತು ಆಡುವ ಪಾತ್ರದ ಆಟಗಳಿಗೆ ‘ಕೆಲವರಿಗೆ ಮಾತ್ರ’ ಅನ್ನುವ ಸೊಪ್ಪು ಬಹಳ ಒಳ್ಳೆಯದು. ಒಬ್ಬ ಆಟಗಾರನಿಗೆ ಗುಟ್ಟಾಗಿ ಚೀಟಿ ಕೊಡಿ: ನಿನಗೆ ಈ ಸಾರು ಸೋಪಿನ ಹಾಗಿದೆ. ಮಿಕ್ಕದ್ದನ್ನು ಅವರೇ ನೋಡಿಕೊಳ್ಳುತ್ತಾರೆ.

ಎಷ್ಟು ಸೊಪ್ಪು ಇರಬೇಕು? ಪೂರ್ತಿ ವಿವರ ಇರುವುದು ಒಂದೋ ಎರಡೋ ಸಾಕು. ಇನ್ನು ಐದಾರನ್ನು ಹೆಸರು ಮತ್ತು ವಾಸನೆಯ ಮಟ್ಟಿಗೆ ಬಿಟ್ಟುಬಿಡಿ. ಮಾರುಕಟ್ಟೆಯಲ್ಲಿ ನಡೆದುಹೋಗುವಾಗ ಮೂಗಿಗೆ ಬಡಿದರೆ ಸಾಕು, ಪ್ರತಿಯೊಂದೂ ಮಾಯೆ ಮಾಡಬೇಕಿಲ್ಲ. ಮಾಯೆ ಇಲ್ಲದ ಸೊಪ್ಪೂ ನಾಲ್ಕು ಇರಲಿ, ಜನ ದಿನಾ ತಿನ್ನುವುದು ಅದನ್ನೇ ಅಲ್ವಾ?

ಆಟದ ದಿನ ಮೇಜಿನ ಮೇಲೆ ನಿಜವಾಗಿಯೂ ಏನಾದರೂ ಇಡಬೇಕು ಅನಿಸಿದರೆ ಶಂಖಪುಷ್ಪದ ನೀಲಿ ಪಾನಕ ಮತ್ತು ನಿಂಬೆಹೋಳು ಎಲ್ಲಕ್ಕಿಂತ ಸುಲಭ. ಮಿರಾಕಲ್ ಫ್ರೂಟ್ ಮಾತ್ರೆಯ ರೂಪದಲ್ಲೂ ಸಿಗುತ್ತದೆ. ಜೊತೆಗಿಡುವ ಹುಳಿಹಣ್ಣುಗಳನ್ನು ಮಿತಿಯಲ್ಲಿಡಿ, ಹಲ್ಲಿಗೂ ಹೊಟ್ಟೆಗೂ ಒಳ್ಳೆಯದಲ್ಲ. ಮಧುನಾಶಿನಿ ರಕ್ತದ ಸಕ್ಕರೆಯನ್ನೂ ಇಳಿಸಬಲ್ಲದು. ಸಕ್ಕರೆ ಕಾಯಿಲೆಗೆ ಔಷಧಿ ತೆಗೆದುಕೊಳ್ಳುವವರು ವೈದ್ಯರನ್ನು ಕೇಳದೆ ಜಗಿಯಬಾರದು. ಸ್ನೋಡ್ರಾಪ್ ಗೆಡ್ಡೆ, ಮ್ಯಾಂಡ್ರೇಕ್ ಬೇರು ಎರಡೂ ವಿಷ, ಅವು ಕಾಗದದ ಮೇಲೇ ಇರಲಿ. ಏನೇ ಇಟ್ಟರೂ ತಿನ್ನುವ ಮೊದಲು ಅದು ಏನು, ಏನು ಮಾಡುತ್ತದೆ ಎಂದು ಎಲ್ಲರಿಗೂ ಹೇಳಿಬಿಡಿ. ಯಾರಿಗೆ ಯಾವುದಕ್ಕೆ ಅಲರ್ಜಿ ಇದೆ ಎಂಬುದನ್ನೂ ಆಗಲೇ ಕೇಳಿಕೊಳ್ಳಿ.